ವಿಷಕ್ಕೊಂದು ಅಳತೆ

ಭದ್ರಾವತಿ ಎಂದರೆ ಕಬ್ಬಿಣದ ಊರು. ಒಂದು ಕಾಲಕ್ಕೆ ಅಲ್ಲಿ ಕಬ್ಬಿಣದ ಜೊತೆಜೊತೆಗೇ ಮರದಿಂದ ರಾಸಾಯನಿಕಗಳನ್ನೂ ಇಳಿಸುತ್ತಿದ್ದರು ಎಂಬುದು ಈಗ ಹಳಬರ ನೆನಪಿನಲ್ಲಷ್ಟೇ ಉಳಿದಿದೆ. 1923ರ ಜನವರಿಯಲ್ಲಿ ಉತ್ಪಾದನೆ ಶುರುವಾದಾಗ ಕಾರ್ಖಾನೆಯ ಹೆಸರಿನಲ್ಲೇ ಕಬ್ಬಿಣದ ಪಕ್ಕ ಮರದ ಭಟ್ಟಿಯೂ ಇತ್ತು. ಮೈಸೂರು ಸೀಮೆಯಲ್ಲಿ ಕಲ್ಲಿದ್ದಲು ಸಿಗುತ್ತಿರಲಿಲ್ಲ. ಅದಿರು ಕೆಮ್ಮಣ್ಣುಗುಂಡಿಯಿಂದ ಇಳಿಯಿತು, ಇದ್ದಿಲು ಭದ್ರೆಯ ಆಚೀಚಿನ ಕಾಡಿನಿಂದ ಬಂತು. ಸೌದೆಯನ್ನು ಗಾಳಿಯಾಡದ ಗೂಡಿನಲ್ಲಿ ಕಾಯಿಸಿದರೆ ಇದ್ದಿಲು ಒಳಗೆ ಉಳಿಯುತ್ತದೆ, ಆವಿ ಹೊರಗೆ ಬರುತ್ತದೆ. ಆ ಆವಿಯನ್ನು ಪೋಲು ಮಾಡದೆ ತಣಿಸಿ ಮೆಥನಾಲ್, ಕ್ಯಾಲ್ಸಿಯಂ ಅಸಿಟೇಟ್ ಮತ್ತು ಟಾರು ತೆಗೆಯುತ್ತಿದ್ದರು. ಕಾರ್ಖಾನೆಗೆ ರೂಪ ಕೊಟ್ಟ ವಿಶ್ವೇಶ್ವರಯ್ಯನವರ ಲೆಕ್ಕಾಚಾರದಲ್ಲಿ ಹೊಗೆಗೂ ಒಂದು ಬೆಲೆ ಇತ್ತು.

ಭದ್ರಾವತಿಯಿಂದ ಲಕ್ಕವಳ್ಳಿಯ ಕಡೆ ಹೊರಟರೆ ಶಂಕರಘಟ್ಟ ಸಿಗುತ್ತದೆ. 1987ರಲ್ಲಿ ಹುಟ್ಟಿದ ಕುವೆಂಪು ವಿಶ್ವವಿದ್ಯಾಲಯದ ಜ್ಞಾನಸಹ್ಯಾದ್ರಿ ಆವರಣ ಇರುವುದು ಅಲ್ಲಿ, ಭದ್ರಾ ಅಭಯಾರಣ್ಯದ ಮಗ್ಗುಲಲ್ಲಿ. ಅಲ್ಲಿನ ಜೈವಿಕ ತಂತ್ರಜ್ಞಾನ, ಸಸ್ಯಶಾಸ್ತ್ರ, ರಸಾಯನಶಾಸ್ತ್ರ ವಿಭಾಗಗಳ ಪ್ರಯೋಗಾಲಯಗಳಲ್ಲೂ ಮೆಥನಾಲ್ ಬೇಕೇ ಬೇಕು. ಎಲೆ, ತೊಗಟೆ, ಬೇರುಗಳ ಪುಡಿಯಿಂದ ಒಳಗಿನ ಸತ್ವವನ್ನು ಎಳೆದು ತೆಗೆಯುವ ದ್ರಾವಕ ಅದು. ಕಾರ್ಖಾನೆಗೂ ಪ್ರಯೋಗಾಲಯಕ್ಕೂ ಕಾಡೇ ಮೂಲ, ಕೆಲಸ ಮಾತ್ರ ತಿರುವುಮುರುವು. ಮರ ಕಟ್ಟಿದ ದೊಡ್ಡ ಅಣುಗಳನ್ನು ಕಾರ್ಖಾನೆ ಶಾಖದಿಂದ ಒಡೆದು, ಒಂದೇ ಇಂಗಾಲದ ಪರಮಾಣು ಇರುವ ಮೆಥನಾಲ್ ಮಾಡಿತು. ಪ್ರಯೋಗಾಲಯ ಅದೇ ಮೆಥನಾಲ್ ಹಿಡಿದು, ಇಪ್ಪತ್ತು ಮೂವತ್ತು ಇಂಗಾಲಗಳ ಅಣುವನ್ನು ಒಂದು ಕೊಂಡಿಯೂ ಮುರಿಯದಂತೆ ಹೊರತರಲು ಹೆಣಗುತ್ತದೆ. ಆ ಅಣುಗಳಲ್ಲಿ ಕೆಲವಕ್ಕೆ ಕ್ಯಾನ್ಸರ್ ಕೋಶವನ್ನು ಕೊಲ್ಲುವ ಶಕ್ತಿ ಇದೆ ಎಂಬುದು ಈ ಹೆಣಗಾಟಕ್ಕೆ ಒಂದು ಮುಖ್ಯ ಕಾರಣ.

‘ಮಲೆನಾಡಿನ ಗಿಡದಲ್ಲಿ ಕ್ಯಾನ್ಸರ್ ಮದ್ದು’ ಎಂಬ ತಲೆಬರಹ ನಮ್ಮ ಪತ್ರಿಕೆಗಳಿಗೆ ಹೊಸದಲ್ಲ. ಅದರಲ್ಲಿ ಗಿಡವೂ ನಿಜ, ಅಣುವೂ ನಿಜ. ಮದ್ದು ಎಂಬ ಮಾತಿಗೆ ಬಂದಾಗ ಮಾತ್ರ ತುಸು ನಿಲ್ಲಬೇಕು. ಕೋಶವನ್ನು ಕೊಲ್ಲುವ ಅಣು ಮದ್ದಾಗುವ ತನಕ ಎಷ್ಟು ದೂರ, ಆ ದೂರವನ್ನು ಯಾವುದು ಕ್ರಮಿಸಿತು, ಯಾವುದು ನಡುದಾರಿಯಲ್ಲೇ ನಿಂತಿತು ಎಂಬುದೇ ಈ ಅಧ್ಯಾಯದ ವಿಷಯ.

ಬಟ್ಟಲಿನಲ್ಲಿ ಸತ್ತ ಕೋಶ

ಕೆಲಸ ಶುರುವಾಗುವುದು ನೆರಳಿನಲ್ಲಿ ಒಣಗಿಸಿದ ಎಲೆಯಿಂದ. ಪುಡಿ ಮಾಡಿ ಸಾಕ್ಸ್‌ಲೆಟ್ ಎಂಬ ಗಾಜಿನ ಉಪಕರಣಕ್ಕೆ ತುಂಬುತ್ತಾರೆ. ದ್ರಾವಕ ಕುದಿದು ಆವಿಯಾಗಿ ಮೇಲೇರುತ್ತದೆ, ತಣಿದು ಪುಡಿಯ ಮೇಲೆ ತೊಟ್ಟಿಕ್ಕುತ್ತದೆ, ಸತ್ವ ಹೊತ್ತು ಕೆಳಗಿಳಿದು ಮತ್ತೆ ಕುದಿಯುತ್ತದೆ. ಮೊದಲು ಪೆಟ್ರೋಲಿಯಂ ಈಥರ್, ಆಮೇಲೆ ಕ್ಲೋರೋಫಾರ್ಮ್, ಕೊನೆಗೆ ಮೆಥನಾಲ್ ಎಂದು ದ್ರಾವಕಗಳನ್ನು ಒಂದಾದ ಮೇಲೊಂದು ಬದಲಿಸಿದರೆ ಎಣ್ಣೆಯಂಶ ಒಂದರಲ್ಲಿ, ನೀರಿಗೆ ಒಗ್ಗುವ ಅಂಶ ಇನ್ನೊಂದರಲ್ಲಿ ಇಳಿಯುತ್ತದೆ. ದ್ರಾವಕ ಆರಿಸಿದಾಗ ತಳದಲ್ಲಿ ಕಡುಹಸಿರು ಅಂಟು ಉಳಿಯುತ್ತದೆ. ಇದಕ್ಕೆ ಕಚ್ಚಾ ಸಾರ ಎನ್ನುತ್ತಾರೆ. ಅದರಲ್ಲಿ ನೂರಾರು ಬಗೆಯ ಅಣುಗಳು ಕಲೆತಿರುತ್ತವೆ.

ಸಾರವನ್ನು ಕ್ಯಾನ್ಸರ್ ಕೋಶಗಳ ಮೇಲೆ ಹಾಕಿ ನೋಡುವುದು ಮುಂದಿನ ಹೆಜ್ಜೆ. ಬಹಳ ಕಡೆ ಬಳಸುವುದು ಹೀಲಾ ಕೋಶಗಳನ್ನು. 1951ರಲ್ಲಿ ಅಮೆರಿಕದ ಹೆನ್ರಿಯೆಟಾ ಲ್ಯಾಕ್ಸ್ ಎಂಬ ಮಹಿಳೆಯ ಗರ್ಭಕಂಠದ ಗಡ್ಡೆಯಿಂದ ತೆಗೆದ ಆ ಕೋಶಗಳು ಇಂದಿಗೂ ಜಗತ್ತಿನ ಪ್ರಯೋಗಾಲಯಗಳಲ್ಲಿ ಬೆಳೆಯುತ್ತಲೇ ಇವೆ. ಕೋಶಗಳಿರುವ ಸಣ್ಣ ಗುಳಿಗಳಿಗೆ ಬೇರೆ ಬೇರೆ ಪ್ರಮಾಣದ ಸಾರ ಸೇರಿಸಿ, ಒಂದೆರಡು ದಿನ ಬಿಟ್ಟು ಎಂಟಿಟಿ ಎಂಬ ಹಳದಿ ಲವಣ ಹಾಕುತ್ತಾರೆ. ಬದುಕಿರುವ ಕೋಶ ಅದನ್ನು ನೇರಳೆ ಬಣ್ಣಕ್ಕೆ ತಿರುಗಿಸುತ್ತದೆ, ಸತ್ತದ್ದು ತಿರುಗಿಸಲಾರದು. ನೇರಳೆ ಎಷ್ಟು ಗಾಢ ಎಂದು ಯಂತ್ರದಲ್ಲಿ ಅಳೆದು, ಕೋಶಗಳ ಬೆಳವಣಿಗೆಯನ್ನು ಅರ್ಧಕ್ಕೆ ಇಳಿಸಿದ ಸಾಂದ್ರತೆ ಯಾವುದೆಂದು ಗುರುತಿಸುತ್ತಾರೆ. ‘ಕ್ಯಾನ್ಸರ್‌ನಿರೋಧಕ ಗುಣ ಪತ್ತೆ’ ಎಂಬ ಸುದ್ದಿಗಳಲ್ಲಿ ಬಹುಪಾಲಿನ ಹಿಂದೆ ಇರುವುದು ಈ ನೇರಳೆ ಬಣ್ಣ.

ಇಲ್ಲಿ ಒಂದು ಸಣ್ಣ ಗಣಿತ ಮಾಡೋಣ. ಒಂದು ಸಾರ ಮಿಲಿಲೀಟರಿಗೆ 100 ಮೈಕ್ರೋಗ್ರಾಂ ಇದ್ದಾಗ ಅರ್ಧದಷ್ಟು ಕೋಶಗಳನ್ನು ತಡೆಯಿತು ಎಂದುಕೊಳ್ಳಿ. ಲೀಟರಿಗೆ 100 ಮಿಲಿಗ್ರಾಂ ಎಂದಾಯಿತು. ದೊಡ್ಡವರ ಮೈಯಲ್ಲಿ ಸುಮಾರು 5 ಲೀಟರ್ ರಕ್ತ ಇರುತ್ತದೆ, ಒಟ್ಟು ನೀರು 40 ಲೀಟರ್ ಆಸುಪಾಸು. ಮೈತುಂಬ ಅದೇ ಸಾಂದ್ರತೆ ಬರಬೇಕಾದರೆ 4 ಗ್ರಾಂ ಸಾರ ಒಂದಿಷ್ಟೂ ನಷ್ಟವಾಗದೆ, ಯಕೃತ್ತು ಮುಟ್ಟದೆ, ಮೂತ್ರಪಿಂಡ ಹೊರಹಾಕದೆ ಒಮ್ಮೆಗೇ ದೇಹದಲ್ಲಿ ನಿಲ್ಲಬೇಕು. ನುಂಗಿದ ಗಿಡದ ಸಾರ ಹಾಗೆ ನಿಲ್ಲುವುದಿಲ್ಲ. ಬಟ್ಟಲಿನಲ್ಲಿ ಕೋಶ ಕೊಲ್ಲುವುದು ಕಷ್ಟದ ಕೆಲಸವೇನಲ್ಲ. ಫಿನಾಯಿಲ್ ಸುರಿದರೂ ಕೋಶ ಸಾಯುತ್ತದೆ. ಅತಿ ಕಡಿಮೆ ಪ್ರಮಾಣದಲ್ಲಿ, ಪಕ್ಕದ ಆರೋಗ್ಯವಂತ ಕೋಶವನ್ನು ಆದಷ್ಟು ಬಿಟ್ಟು, ಗಡ್ಡೆ ಇರುವಲ್ಲಿಗೇ ಹೋಗಿ ಕೊಲ್ಲುವುದು ಕಷ್ಟ.

ಶಂಕರಘಟ್ಟದಿಂದಲೇ ಒಂದು ಉದಾಹರಣೆ ಕೊಡಬಹುದು. ವಾಯುವಿಳಂಗದ ಎಲೆಯಿಂದ ಬೇರ್ಪಡಿಸಿದ ಎಂಬೆಲಿನ್ ಎಂಬ ಅಣು ಇಲಿಗಳ ಗಾಯವನ್ನು ಬೇಗ ಮಾಯಿಸುತ್ತದೆ ಎಂದು ಕುವೆಂಪು ವಿಶ್ವವಿದ್ಯಾಲಯದ ಸಂಶೋಧಕರು 2007ರಲ್ಲಿ ಪ್ರಕಟಿಸಿದರು. ಅದಕ್ಕೆ ಮೂರು ವರ್ಷ ಮೊದಲು, ಅಮೆರಿಕದ ಮಿಷಿಗನ್ ವಿಶ್ವವಿದ್ಯಾಲಯದವರು ಸಾಂಪ್ರದಾಯಿಕ ಮೂಲಿಕೆಗಳ ಅಣುಗಳನ್ನು ಕಂಪ್ಯೂಟರಿನಲ್ಲಿ ಜಾಲಾಡಿ ಇದೇ ಎಂಬೆಲಿನ್ ಅನ್ನು ಆರಿಸಿದ್ದರು. ಸಾಯಬೇಕಾದ ಕ್ಯಾನ್ಸರ್ ಕೋಶವನ್ನು ಸಾಯಲು ಬಿಡದೆ ಕಾಯುವ ಒಂದು ಪ್ರೋಟೀನನ್ನು ಅದು ಹಿಡಿದು ಕಟ್ಟಿಹಾಕುತ್ತದೆ ಎಂದು ಅವರು ತೋರಿಸಿದರು. ಒಂದೇ ಅಣು ಒಂದು ಕಡೆ ಗಾಯ ಕೂಡಿಸುತ್ತದೆ, ಇನ್ನೊಂದು ಕಡೆ ಸಾವಿಗೆ ದಾರಿ ಬಿಡುತ್ತದೆ. ಅಣುವಿಗೆ ಮದ್ದು ಎಂಬ ಗುಣ ಹುಟ್ಟಿನಿಂದ ಅಂಟಿ ಬಂದಿರುವುದಿಲ್ಲ. ಎಷ್ಟು, ಎಲ್ಲಿ, ಯಾವ ರೂಪದಲ್ಲಿ ಎಂಬುದರ ಮೇಲೆ ಅದರ ಕೆಲಸ ನಿಂತಿದೆ.

ದುರ್ವಾಸನೆ ಮರ

ಆ ದೂರವನ್ನು ಪೂರ್ತಿ ಕ್ರಮಿಸಿದ ಒಂದು ಅಣು ನಮ್ಮ ಘಟ್ಟದಲ್ಲೇ ಇದೆ. ಆಗುಂಬೆ, ಹುಲಿಕಲ್, ಶರಾವತಿ ಕಣಿವೆಯ ಕಾಡುಗಳಲ್ಲಿ ದೊಡ್ಡ ಮರಗಳ ನೆರಳಿನಡಿ ಬೆಳೆಯುವ ಸಣ್ಣ ಮರ ಅದು. ಹೂ ಬಿಟ್ಟಾಗ ಹತ್ತಿರ ಸುಳಿದವರು ಮೂಗು ಮುಚ್ಚಬೇಕು. ಕನ್ನಡದಲ್ಲಿ ಅದು ದುರ್ವಾಸನೆ ಮರ. ಸಸ್ಯಶಾಸ್ತ್ರದ ಪುಸ್ತಕಗಳಲ್ಲಿ ಮೊದಲು ಮಾಪಿಯಾ ಫೀಟಿಡಾ ಎಂದಿತ್ತು, ಈಗ ನೋಥಪೊಡೈಟಿಸ್ ನಿಮ್ಮೋನಿಯಾನಾ ಎಂದಿದೆ. ಮೋಪಿಗೆ ಆಗುವುದಿಲ್ಲವಾದ್ದರಿಂದ ಇದನ್ನು ಬಹಳ ಕಾಲ ಯಾರೂ ಲೆಕ್ಕಕ್ಕೆ ಹಿಡಿದಿರಲಿಲ್ಲ.

ಕಥೆ ಶುರುವಾದದ್ದು ಚೀನಾದ ಇನ್ನೊಂದು ಮರದಿಂದ. ಅಮೆರಿಕದ ಕೃಷಿ ಇಲಾಖೆಯ ರಸಾಯನಶಾಸ್ತ್ರಜ್ಞ ಮನ್ರೋ ವಾಲ್ 1950ರ ದಶಕದಲ್ಲಿ ಸ್ಟೀರಾಯ್ಡ್ ಔಷಧಕ್ಕೆ ಕಚ್ಚಾವಸ್ತು ಹುಡುಕುತ್ತ ಸಾವಿರಾರು ಗಿಡಗಳ ಸಾರ ಕೂಡಿಟ್ಟಿದ್ದರು. ಅವನ್ನು ರಾಷ್ಟ್ರೀಯ ಕ್ಯಾನ್ಸರ್ ಸಂಸ್ಥೆಗೆ ಕಳಿಸಿದಾಗ ಕ್ಯಾಂಪ್ಟೋಥೆಕಾ ಎಂಬ ಚೀನೀ ಮರದ ಸಾರ ಇಲಿಗಳ ಕ್ಯಾನ್ಸರನ್ನು ತಡೆಯಿತು. ಮುಂದೆ ನಾರ್ತ್ ಕ್ಯಾರೊಲಿನಾದಲ್ಲಿ ವಾಲ್ ಮತ್ತು ಅವರ ಸಹೋದ್ಯೋಗಿ ಮನ್ಸುಖ್ ವಾನಿ ಕೂಡಿ ಆ ಅಣುವನ್ನು ಬೇರ್ಪಡಿಸಿ 1966ರಲ್ಲಿ ರಚನೆ ಪ್ರಕಟಿಸಿದರು. ವಾನಿ ಹುಟ್ಟಿದ್ದು ಮಹಾರಾಷ್ಟ್ರದ ನಂದೂರಬಾರಿನಲ್ಲಿ. ಅಣುವಿನ ಹೆಸರು ಕ್ಯಾಂಪ್ಟೋಥೆಸಿನ್, ಅದರಲ್ಲಿ 20 ಇಂಗಾಲದ ಪರಮಾಣುಗಳು. ಐದು ವರ್ಷ ಕಳೆದು, 1971ರಲ್ಲಿ, ಇದೇ ಜೋಡಿ ಪೆಸಿಫಿಕ್ ಯೂ ಮರದ ತೊಗಟೆಯ ಟ್ಯಾಕ್ಸಾಲ್ ರಚನೆಯನ್ನೂ ಪ್ರಕಟಿಸಿತು. ಅಮೆರಿಕದ ಆ ಸಂಸ್ಥೆ 1960ರಿಂದ 1982ರವರೆಗೆ ಲಕ್ಷಕ್ಕೂ ಹೆಚ್ಚು ಸಸ್ಯಸಾರಗಳನ್ನು ಜಾಲಾಡಿತು. ಮುಖ್ಯ ಔಷಧಗಳಾಗಿ ದಡ ಸೇರಿದವು ಬೆರಳೆಣಿಕೆಯಷ್ಟು, ಅದರಲ್ಲಿ ಎರಡು ಇವರಿಬ್ಬರವು.

1972ರಲ್ಲಿ ಮುಂಬಯಿಯ ಗೋರೆಗಾಂವ್‌ನಲ್ಲಿದ್ದ ಸೀಬಾ ಸಂಶೋಧನಾ ಕೇಂದ್ರದ ಟಿ. ಆರ್. ಗೋವಿಂದಾಚಾರಿ ಮತ್ತು ಎನ್. ವಿಶ್ವನಾಥನ್ ನಮ್ಮ ದುರ್ವಾಸನೆ ಮರದಲ್ಲೂ ಇದೇ ಕ್ಯಾಂಪ್ಟೋಥೆಸಿನ್ ಇದೆ ಎಂದು ವರದಿ ಮಾಡಿದರು. ಚೀನೀ ಮರಕ್ಕೂ ಇದಕ್ಕೂ ಕುಲ ಬೇರೆ, ಕುಟುಂಬ ಬೇರೆ. ಅಣು ಒಂದೇ, ಪ್ರಮಾಣ ಮಾತ್ರ ನಮ್ಮಲ್ಲಿ ಹೆಚ್ಚು. ಯಾರಿಗೂ ಬೇಡದ ಮರಕ್ಕೆ ಅಲ್ಲಿಂದ ಗಿರಾಕಿಗಳು ಹುಟ್ಟಿಕೊಂಡರು.

ಹುರಿ ಬಿಚ್ಚುವ ಕಿಣ್ವ

ಅಣು ಕೈಗೆ ಸಿಕ್ಕರೂ ಅದು ಕೋಶವನ್ನು ಹೇಗೆ ಕೊಲ್ಲುತ್ತದೆ ಎಂಬುದು ತಿಳಿಯಲು 1985ರವರೆಗೆ ಕಾಯಬೇಕಾಯಿತು. ನಮ್ಮ ಬಹುತೇಕ ಎಲ್ಲ ಕೋಶಗಳಲ್ಲೂ ಎರಡು ಎಳೆಗಳ ಡಿಎನ್‌ಎ ಹೊಸೆದ ಹಗ್ಗದಂತೆ ಸುತ್ತಿಕೊಂಡಿದೆ. ಕೋಶ ಎರಡಾಗುವ ಮೊದಲು ಈ ಎಳೆಗಳನ್ನು ಬಿಡಿಸಿ ನಕಲು ತೆಗೆಯಬೇಕು. ಹೊಸೆದ ಹಗ್ಗವನ್ನು ನಡುವೆ ಬಿಡಿಸಿ ಎಳೆದರೆ ಮುಂದಿನ ಹುರಿ ಇನ್ನಷ್ಟು ಬಿಗಿಯುತ್ತದೆ. ಡಿಎನ್‌ಎಯಲ್ಲೂ ಹಾಗೇ ಆಗುತ್ತದೆ. ಬಿಗಿಯನ್ನು ಸಡಿಲಿಸಲು ಟೊಪೊಐಸೊಮರೇಸ್-1 ಎಂಬ ಕಿಣ್ವ ಇದೆ. ಅದು ಒಂದು ಎಳೆಯನ್ನು ಕತ್ತರಿಸಿ, ಹುರಿ ಬಿಚ್ಚಲು ಬಿಟ್ಟು, ಮತ್ತೆ ತುದಿಗಳನ್ನು ಕೂಡಿಸುತ್ತದೆ.

ಕ್ಯಾಂಪ್ಟೋಥೆಸಿನ್ ಬಂದು ಕೂರುವುದು ಕತ್ತರಿಸಿದ ಆ ಸಂದಿನಲ್ಲಿ. ಕಿಣ್ವ ಕತ್ತರಿಸಿದ್ದನ್ನು ಕೂಡಿಸಲಾರದೆ ಅಲ್ಲೇ ಸಿಕ್ಕಿಬೀಳುತ್ತದೆ. ನಕಲು ಮಾಡುವ ಯಂತ್ರಾಂಗ ಅದೇ ದಾರಿಯಲ್ಲಿ ಬಂದು ಅಡ್ಡ ನಿಂತ ಕಿಣ್ವಕ್ಕೆ ಡಿಕ್ಕಿ ಹೊಡೆದಾಗ ಎರಡೂ ಎಳೆಗಳು ಕಡಿದುಹೋಗುತ್ತವೆ. ಇಂಥ ಕಡಿತಗಳು ಹೆಚ್ಚಾದರೆ ಕೋಶಕ್ಕೆ ಉಳಿಗಾಲವಿಲ್ಲ. ವಿಭಜನೆ ಆಗದೆ ಸುಮ್ಮನಿರುವ ಕೋಶದಲ್ಲಿ ನಕಲು ಯಂತ್ರಾಂಗ ಓಡುವುದಿಲ್ಲ, ಡಿಕ್ಕಿಯೂ ಕಡಿಮೆ. ಬಿಡುವಿಲ್ಲದೆ ಒಡೆಯುವ ಕ್ಯಾನ್ಸರ್ ಕೋಶಕ್ಕೆ ಪೆಟ್ಟು ಜೋರಾಗಿ ಬೀಳುವುದು ಇದರಿಂದ. ಕೂದಲ ಬುಡ, ಕರುಳಿನ ಒಳಪದರ, ಮೂಳೆಯ ಮಜ್ಜೆ ಇವುಗಳ ಕೋಶಗಳೂ ಸದಾ ಒಡೆಯುತ್ತಲೇ ಇರುತ್ತವೆ. ಕೀಮೋ ತೆಗೆದುಕೊಂಡವರಿಗೆ ಕೂದಲು ಉದುರುವುದು, ಭೇದಿಯಾಗುವುದು, ಬಿಳಿರಕ್ತಕಣ ಇಳಿಯುವುದು ಇದೇ ಕಾರಣಕ್ಕೆ.

ಸೋತ ಮದ್ದು ಎದ್ದು ಬಂದದ್ದು

ಕೊಲ್ಲುವ ಬಗೆ ತಿಳಿಯುವ ಮೊದಲೇ ವೈದ್ಯರು ಇದನ್ನು ರೋಗಿಗಳ ಮೇಲೆ ಪ್ರಯೋಗಿಸಿ ಸೋತಿದ್ದರು. ಕ್ಯಾಂಪ್ಟೋಥೆಸಿನ್ ನೀರಿನಲ್ಲಿ ಕರಗುವುದಿಲ್ಲ, ನರಕ್ಕೆ ಕೊಡುವುದು ಹೇಗೆ? ಸೋಡಿಯಂ ಲವಣವಾಗಿ ಮಾಡಿದರೆ ಕರಗುತ್ತದೆ ಎಂದು 1970ರ ಸುಮಾರಿಗೆ ಹಾಗೇ ಕೊಟ್ಟು ನೋಡಿದರು. ಲವಣವಾಗುವಾಗ ಅಣುವಿನ ಒಂದು ಉಂಗುರ ತೆರೆದುಕೊಳ್ಳುತ್ತದೆ, ಕೊಲ್ಲುವ ಶಕ್ತಿ ಇರುವುದೋ ಮುಚ್ಚಿದ ಉಂಗುರಕ್ಕೆ. ರಕ್ತದಲ್ಲಿ ಸುಮ್ಮನಿದ್ದ ಅಣು ಮೂತ್ರಕೋಶಕ್ಕೆ ಬಂದಾಗ ಅಲ್ಲಿನ ಆಮ್ಲೀಯತೆಗೆ ಮತ್ತೆ ಉಂಗುರ ಕಟ್ಟಿಕೊಂಡು ಚುರುಕಾಯಿತು. ಗಡ್ಡೆ ಕರಗಲಿಲ್ಲ, ಮೂತ್ರದಲ್ಲಿ ರಕ್ತ ಬಂತು. 1972ರ ಹೊತ್ತಿಗೆ ಪ್ರಯೋಗ ನಿಂತಿತು.

ಅಣುವಿನ ಗುಟ್ಟು ಬಯಲಾದ ಮೇಲೆ ರಸಾಯನಶಾಸ್ತ್ರಜ್ಞರು ಉಂಗುರವನ್ನು ಮುಟ್ಟದೆ ಬೇರೆ ಕಡೆ ತಿದ್ದುಪಡಿ ಮಾಡಿ ನೀರಿಗೆ ಒಗ್ಗಿಸಿದರು. ಹಾಗೆ ಬಂದವು ಇರಿನೋಟೆಕಾನ್ ಮತ್ತು ಟೊಪೊಟೆಕಾನ್. ಇರಿನೋಟೆಕಾನ್ ಹುಟ್ಟಿದ್ದು ಜಪಾನಿನಲ್ಲಿ, ಮೊಸರಿನಂಥ ಪೇಯಕ್ಕೆ ಹೆಸರಾದ ಯಾಕುಲ್ಟ್ ಕಂಪನಿಯಲ್ಲಿ. ಅಲ್ಲಿ 1994ರಲ್ಲಿ ಒಪ್ಪಿಗೆ ಸಿಕ್ಕಿತು. 1996ರಲ್ಲಿ ಅಮೆರಿಕ ಎರಡನ್ನೂ ಒಪ್ಪಿತು. ಇಂದು ದೊಡ್ಡಕರುಳಿನ ಕ್ಯಾನ್ಸರಿಗೆ ಇರಿನೋಟೆಕಾನ್, ಅಂಡಾಶಯ ಹಾಗೂ ಕೆಲವು ಬಗೆಯ ಶ್ವಾಸಕೋಶದ ಕ್ಯಾನ್ಸರಿಗೆ ಟೊಪೊಟೆಕಾನ್ ಕೊಡುತ್ತಾರೆ. ಮರದಲ್ಲಿ ಪತ್ತೆಯಾದ ಗುಣ ಆಸ್ಪತ್ರೆಯ ಬಾಟಲಿ ತಲುಪಲು ಮೂರು ದಶಕಗಳ ಮೇಲೆಯೇ ಹಿಡಿಯಿತು.

ಅಷ್ಟಾದರೂ ಅದು ಸಾಧುವಾಗಿಲ್ಲ. ಇರಿನೋಟೆಕಾನ್ ಯಕೃತ್ತಿನಲ್ಲಿ ಎಸ್‌ಎನ್-38 ಎಂಬ ಹೆಚ್ಚು ತೀಕ್ಷ್ಣ ರೂಪಕ್ಕೆ ಬದಲಾಗುತ್ತದೆ. ಕೆಲಸ ಮುಗಿದ ಮೇಲೆ ಯಕೃತ್ತು ಅದಕ್ಕೊಂದು ಸಕ್ಕರೆಯ ತುಣುಕು ಅಂಟಿಸಿ, ಹಲ್ಲು ಕಿತ್ತು, ಪಿತ್ತದ ಜೊತೆ ಕರುಳಿಗೆ ಕಳಿಸುತ್ತದೆ. ಕರುಳಿನ ಬ್ಯಾಕ್ಟೀರಿಯಾಗಳಿಗೆ ಸಕ್ಕರೆ ಬೇಕು. ಅವು ತುಣುಕನ್ನು ಕಿತ್ತುಕೊಂಡಾಗ ವಿಷ ಮತ್ತೆ ಬಿಡುಗಡೆಯಾಗಿ ಕರುಳನ್ನೇ ಸುಡುತ್ತದೆ. ಈ ಔಷಧದ ಹೆಸರುವಾಸಿ ಭೇದಿಗೆ ಇದು ಕಾರಣ. ಸಕ್ಕರೆ ಅಂಟಿಸುವ ಕಿಣ್ವ ಹುಟ್ಟಿನಿಂದಲೇ ನಿಧಾನವಾಗಿರುವ ಜನರೂ ಇದ್ದಾರೆ. ಅಂಥವರಿಗೆ ಸಾಮಾನ್ಯ ಪ್ರಮಾಣವೇ ಅತಿಯಾಗುತ್ತದೆ. ಇಷ್ಟೆಲ್ಲ ಗೊತ್ತಿರುವುದರಿಂದ ವೈದ್ಯರು ಮೈಯ ಅಳತೆ, ರಕ್ತದ ಎಣಿಕೆ ನೋಡಿ ಮಿಲಿಗ್ರಾಂ ಲೆಕ್ಕದಲ್ಲಿ ಕೊಡುತ್ತಾರೆ, ಹೆಚ್ಚುಕಡಿಮೆಯಾದರೆ ಇಳಿಸುತ್ತಾರೆ.

ಇತ್ತೀಚಿನ ದಾರಿ ಇನ್ನೂ ಜಾಣತನದ್ದು. ಗಡ್ಡೆಯ ಕೋಶವನ್ನು ಗುರುತು ಹಿಡಿಯಬಲ್ಲ ಪ್ರತಿಕಾಯಕ್ಕೆ ಕ್ಯಾಂಪ್ಟೋಥೆಸಿನ್ ವಂಶದ ಅಣುಗಳನ್ನು ಕಟ್ಟಿ ಕಳಿಸುತ್ತಾರೆ. 2019ರ ಕೊನೆಯಲ್ಲಿ ಅಮೆರಿಕದಲ್ಲಿ ಒಪ್ಪಿಗೆ ಪಡೆದ, ಸ್ತನ ಕ್ಯಾನ್ಸರಿನ ಟ್ರಾಸ್ಟುಜುಮ್ಯಾಬ್ ಡೆರುಕ್ಸ್‌ಟೆಕಾನ್ ಇಂಥದ್ದು. ಒಂದೊಂದು ಪ್ರತಿಕಾಯ ಸುಮಾರು ಎಂಟು ಅಣುಗಳನ್ನು ಹೊತ್ತೊಯ್ಯುತ್ತದೆ. ಮರದ ವಿಷವನ್ನು ತೆಳುಮಾಡುವ ಬದಲು ಅದಕ್ಕೆ ವಿಳಾಸ ಬರೆದುಕೊಟ್ಟರು.

ಮರ ತಾನೇಕೆ ಸಾಯುವುದಿಲ್ಲ

ಟೊಪೊಐಸೊಮರೇಸ್ ಮರದ ಕೋಶದಲ್ಲೂ ಇದೆ. ತೊಗಟೆ, ಬೇರುಗಳಲ್ಲಿ ಇಷ್ಟು ವಿಷ ತುಂಬಿಕೊಂಡ ಮರ ಉಳಿದದ್ದು ಹೇಗೆ? ಕ್ಯಾಂಪ್ಟೋಥೆಸಿನ್ ತಯಾರಿಸುವ ಕೆಲವು ಗಿಡಗಳನ್ನು ಪರೀಕ್ಷಿಸಿದ ಜಪಾನಿನ ಸಂಶೋಧಕರು 2008ರಲ್ಲಿ ಉತ್ತರ ಕೊಟ್ಟರು. ಅವುಗಳ ಕಿಣ್ವದಲ್ಲಿ, ಔಷಧ ಬಂದು ಕೂರುವ ಜಾಗದ ಒಂದು ಅಮೈನೋ ಆಮ್ಲ ಬದಲಾಗಿದೆ. ಇದರಿಂದ ವಿಷಕ್ಕೆ ಹಿಡಿ ಸಿಗುವುದಿಲ್ಲ. ಚಿಕಿತ್ಸೆಗೆ ಬಗ್ಗದ ಕೆಲವು ಕ್ಯಾನ್ಸರ್ ಕೋಶಗಳಲ್ಲೂ ಅದೇ ಸ್ಥಾನದಲ್ಲಿ ಅದೇ ಬದಲಾವಣೆ ಕಂಡಿದೆ. ಗಿಡ ವಿಕಾಸದ ದೀರ್ಘ ಹಾದಿಯಲ್ಲಿ ಕಲಿತ ತಂತ್ರವನ್ನು ಗಡ್ಡೆ ಒಬ್ಬ ರೋಗಿಯ ದೇಹದೊಳಗೆ ಕೆಲವೇ ತಿಂಗಳಲ್ಲಿ ಕಂಡುಕೊಳ್ಳುತ್ತದೆ. ಗಿಡ ಈ ಅಣುವನ್ನು ನಮಗಾಗಿ ಮಾಡಿದ್ದಲ್ಲ. ತನ್ನನ್ನು ಮೇಯಲು ಬರುವ ಹುಳುವಿಗೆ, ಕೊಳೆಸಲು ಬರುವ ಶಿಲೀಂಧ್ರಕ್ಕೆ ಎಂದು ಇಟ್ಟುಕೊಂಡ ಆಯುಧ ಇದು ಎಂದೇ ಹೆಚ್ಚಿನ ವಿಜ್ಞಾನಿಗಳ ಎಣಿಕೆ.

ಆಯುಧಕ್ಕೆ ಬೆಲೆ ಬಂದಾಗ ಮರಕ್ಕೆ ಕೊಡಲಿ ಬಿತ್ತು. ಕ್ಯಾಂಪ್ಟೋಥೆಸಿನ್ ಅನ್ನು ಪ್ರಯೋಗಾಲಯದಲ್ಲಿ ಮೊದಲಿನಿಂದ ಕಟ್ಟುವುದನ್ನು ಸ್ಟಾರ್ಕ್ ಮತ್ತು ಶುಲ್ಟ್ಸ್ 1971ರಲ್ಲೇ ಸಾಧಿಸಿದ್ದರೂ ಔಷಧ ಉದ್ಯಮ ಇಂದಿಗೂ ಹೆಚ್ಚಾಗಿ ಮರವನ್ನೇ ನೆಚ್ಚಿದೆ. ಸತ್ವ ಹೆಚ್ಚಿರುವುದು ಬೇರು ಮತ್ತು ತೊಗಟೆಯಲ್ಲಿ. ಎಲೆ ಕೊಯ್ದರೆ ಮರ ಮತ್ತೆ ಚಿಗುರೀತು, ಬೇರು ತೆಗೆದರೆ ಆ ಜಾಗ ಬರಿದು. ಪಶ್ಚಿಮಘಟ್ಟದ ಹಲವು ಕಡೆ ದುರ್ವಾಸನೆ ಮರ ಕಡಿಮೆಯಾಗಿದೆ, ಸಂರಕ್ಷಣಾ ತಜ್ಞರು ಅದನ್ನು ಆತಂಕದ ಸಾಲಿನಲ್ಲಿ ಇಟ್ಟಿದ್ದಾರೆ. ಬೆಂಗಳೂರಿನ ಕೃಷಿ ವಿಶ್ವವಿದ್ಯಾಲಯದ ಆರ್. ಉಮಾಶಂಕರ್ ಮತ್ತು ಏಟ್ರೀ ಸಂಸ್ಥೆಯ ಜಿ. ರವಿಕಾಂತ್ ಅವರ ತಂಡ ಘಟ್ಟದುದ್ದಕ್ಕೂ ಮರಗಳ ಮಾದರಿ ತೆಗೆದು ಯಾವ ಮರದಲ್ಲಿ ಎಷ್ಟು ಸತ್ವ ಎಂದು ಅಳೆಯಿತು. ಮರದಿಂದ ಮರಕ್ಕೆ ವ್ಯತ್ಯಾಸ ಬಹಳ. ಹೆಚ್ಚು ಸತ್ವದ ತಾಯಿಮರ ಗುರುತಿಸಿ ಸಸಿ ಮಾಡಿದರೆ ಕಾಡು ಕಡಿಯುವ ಒತ್ತಡ ತಗ್ಗಬಹುದು ಎಂಬುದು ಈ ಕೆಲಸದ ಹಿಂದಿನ ಆಸೆ.

ಇನ್ನೊಂದು ದಾರಿಯ ಸುಳಿವು 2005ರಲ್ಲಿ ಬಂತು. ದುರ್ವಾಸನೆ ಮರದ ಒಳತೊಗಟೆಯಲ್ಲಿ ಮರಕ್ಕೆ ತೊಂದರೆ ಕೊಡದೆ ವಾಸಿಸುವ ಒಂದು ಶಿಲೀಂಧ್ರ ತಾನೂ ಕ್ಯಾಂಪ್ಟೋಥೆಸಿನ್ ತಯಾರಿಸುತ್ತದೆ ಎಂದು ಜಮ್ಮುವಿನ ಪ್ರಾದೇಶಿಕ ಸಂಶೋಧನಾ ಪ್ರಯೋಗಾಲಯದವರು ವರದಿ ಮಾಡಿದರು. ತೊಟ್ಟಿಯಲ್ಲಿ ಶಿಲೀಂಧ್ರ ಬೆಳೆಸಿ ಔಷಧ ತೆಗೆದರೆ ಮರ ಉಳಿಯುತ್ತದಲ್ಲ ಎಂಬ ಉತ್ಸಾಹ ಹುಟ್ಟಿತು. ಆದರೆ ಮರದಿಂದ ಬಿಡಿಸಿ ತಂದ ಇಂಥ ಶಿಲೀಂಧ್ರಗಳು ಪೀಳಿಗೆ ಕಳೆದಂತೆ ಆ ಕೆಲಸವನ್ನು ಕಡಿಮೆ ಮಾಡುತ್ತ, ಕೊನೆಗೆ ಬಿಟ್ಟೇಬಿಡುತ್ತವೆ. ಮರದ ಸಹವಾಸವಿಲ್ಲದೆ ಅವಕ್ಕೆ ಆ ಉಸಾಬರಿ ಬೇಕಿಲ್ಲ.

ಅಂಗಳದ ಹೂ, ಸಾರಿನ ಹುಳಿ

ಕಾಡಿಗೇ ಹೋಗಬೇಕೆಂದಿಲ್ಲ. ಶಿವಮೊಗ್ಗದ ಮನೆ ಮನೆಯ ಅಂಗಳದಲ್ಲಿ ಗುಲಾಬಿ, ಬಿಳಿ ಬಣ್ಣದಲ್ಲಿ ವರ್ಷವಿಡೀ ಅರಳುವ ನಿತ್ಯಪುಷ್ಪ, ಅಂದರೆ ಕಾಶಿ ಕಣಗಿಲೆ, ಈ ದಾರಿಯನ್ನು ಇನ್ನೂ ಮೊದಲೇ ಮುಗಿಸಿದೆ. ಅದರ ಎಲೆಯ ಕಷಾಯ ಸಕ್ಕರೆ ಕಾಯಿಲೆಗೆ ಒಳ್ಳೆಯದೆಂಬ ನಂಬಿಕೆ ಹಲವು ದೇಶಗಳಲ್ಲಿತ್ತು. 1952ರಲ್ಲಿ ಜಮೈಕಾದಿಂದ ಬಂದ ಎಲೆಗಳನ್ನು ಕೆನಡಾದ ರಾಬರ್ಟ್ ನೋಬಲ್ ಪರೀಕ್ಷಿಸಿದಾಗ ಇಲಿಗಳ ಸಕ್ಕರೆ ಇಳಿಯಲಿಲ್ಲ, ಬಿಳಿರಕ್ತಕಣಗಳು ಇಳಿದವು. ಬಿಳಿಕಣ ವಿಪರೀತ ಏರುವ ರಕ್ತಕ್ಯಾನ್ಸರಿಗೆ ಇದೇ ಬೇಕಲ್ಲವೇ ಎಂದು ಯೋಚಿಸಿ, ಚಾರ್ಲ್ಸ್ ಬೀರ್ ಜೊತೆಗೂಡಿ 1958ರಲ್ಲಿ ವಿನ್‌ಬ್ಲಾಸ್ಟಿನ್ ಅನ್ನು ಪ್ರಕಟಿಸಿದರು. ಇಲೈ ಲಿಲ್ಲಿ ಕಂಪನಿ ಹೊರತಂದ ಅದರ ಸೋದರ ವಿನ್‌ಕ್ರಿಸ್ಟಿನ್ 1963ರಲ್ಲಿ ಮಾರುಕಟ್ಟೆಗೆ ಬಂತು. ಮಕ್ಕಳ ರಕ್ತಕ್ಯಾನ್ಸರಿನ ಚಿಕಿತ್ಸೆಯಲ್ಲಿ ಅದು ಇಂದಿಗೂ ಆಧಾರ. ಕೋಶ ಎರಡಾಗುವಾಗ ವರ್ಣತಂತುಗಳನ್ನು ಎರಡು ಬದಿಗೆ ಎಳೆಯುವ ನಾಳಗಳನ್ನು ಅದು ಕಟ್ಟಗೊಡುವುದಿಲ್ಲ. ನರತಂತುಗಳಲ್ಲೂ ಅಂಥ ನಾಳಗಳಿರುವುದರಿಂದ ಕೈಕಾಲು ಜೋಮು ಹಿಡಿಯುತ್ತದೆ. ತಪ್ಪಿ ಬೆನ್ನುಹುರಿಯ ದ್ರವಕ್ಕೆ ಚುಚ್ಚಿದರೆ ಸಾವೇ ಗತಿ. ಎಲೆಯಲ್ಲಿ ಈ ಅಣು ಇರುವುದು ಅತ್ಯಲ್ಪ, ಒಂದು ಗ್ರಾಮಿಗೆ ನೂರಾರು ಕಿಲೋ ಒಣಎಲೆ ಬೇಕು. ಅಂಗಳದ ಎಲೆ ಅಗಿದವರ ಹೊಟ್ಟೆಗೆ ಹೋಗುವುದು ಅಳತೆಯಿಲ್ಲದ ಹತ್ತಾರು ಆಲ್ಕಲಾಯ್ಡುಗಳ ಮಿಶ್ರಣ.

ನಡುದಾರಿಯಲ್ಲಿ ನಿಂತವೂ ನಮ್ಮಲ್ಲಿವೆ. ಸಾಗರ, ಹೊಸನಗರದ ಕಡೆ ಸಾರಿಗೂ ಪಾನಕಕ್ಕೂ ಬಳಸುವ ಮುರುಗಲಿನ ಸಿಪ್ಪೆಯಲ್ಲಿ ಗಾರ್ಸಿನಾಲ್ ಎಂಬ ಅಣು ಇದೆ. ಜೀನುಗಳನ್ನು ತೆರೆಯಲು ನೆರವಾಗುವ ಒಂದು ಬಗೆಯ ಕಿಣ್ವಗಳನ್ನು ಅದು ತಡೆಯುತ್ತದೆ, ಹೀಲಾ ಕೋಶಗಳನ್ನು ಸಾವಿಗೆ ತಳ್ಳುತ್ತದೆ ಎಂದು ಬೆಂಗಳೂರಿನ ಜವಾಹರಲಾಲ್ ನೆಹರೂ ಉನ್ನತ ವೈಜ್ಞಾನಿಕ ಸಂಶೋಧನಾ ಕೇಂದ್ರದ ತಪಸ್ ಕುಂಡು ಅವರ ತಂಡ 2004ರಲ್ಲಿ ತೋರಿಸಿತು. ಜೀವಕೋಶದ ಒಳಗುಟ್ಟು ಅರಿಯಲು ಅದು ಬೆಲೆಬಾಳುವ ಉಪಕರಣವಾಯಿತು. ಮುರುಗಲು ಸಾರು ಕುಡಿದರೆ ಕ್ಯಾನ್ಸರ್ ಬರದು ಎಂಬ ಅರ್ಥ ಅದಕ್ಕಿಲ್ಲ.

ಅರಿಸಿನದ ಕರ್ಕ್ಯುಮಿನ್ ಕಥೆ ಇನ್ನೂ ಬುದ್ಧಿ ಕಲಿಸುವಂಥದ್ದು. ಬಟ್ಟಲಿನ ಪ್ರಯೋಗಗಳಲ್ಲಿ ಅದು ಎಲ್ಲ ಬಗೆಯ ಕೋಶಗಳ ಮೇಲೂ ಕೆಲಸ ಮಾಡಿದಂತೆ ಕಾಣುತ್ತದೆ, ಸಾವಿರಾರು ಪ್ರಬಂಧಗಳು ಬಂದಿವೆ. ಔಷಧ ರಸಾಯನಶಾಸ್ತ್ರಜ್ಞರ ಒಂದು ಗುಂಪು 2017ರಲ್ಲಿ ಎಲ್ಲವನ್ನೂ ಒರೆಗೆ ಹಚ್ಚಿತು. ಕರ್ಕ್ಯುಮಿನ್ ಸುಲಭವಾಗಿ ಒಡೆದುಹೋಗುವ ಅಣು, ಕರುಳಿನಿಂದ ರಕ್ತಕ್ಕೆ ಏರುವುದು ತೀರ ಕಡಿಮೆ, ಹಲವು ಪರೀಕ್ಷೆಗಳಲ್ಲಿ ಅದು ಪರೀಕ್ಷೆಯನ್ನೇ ಕೆಡಿಸಿ ಸುಳ್ಳು ಫಲ ಕೊಡುತ್ತದೆ ಎಂದು ಅವರು ಬರೆದರು. ನೇರಳೆ ಬಣ್ಣ ನಂಬಿ ಕೂತರೆ ಎಲ್ಲಿಗೆ ತಲುಪುತ್ತೇವೆ ಎಂಬುದಕ್ಕೆ ಇಷ್ಟು ಸಾಕು.

ಅಡಿಕೆಯ ಮಾತು

ಗಿಡದ ಅಣುಗಳ ಬಗ್ಗೆ ಬರೆಯುತ್ತ ಶಿವಮೊಗ್ಗದಲ್ಲಿ ಅಡಿಕೆಯನ್ನು ಬಿಟ್ಟು ದಾಟಿದರೆ ಪ್ರಾಮಾಣಿಕತೆ ಆಗುವುದಿಲ್ಲ. ಸರಕು, ಬೆಟ್ಟೆ, ರಾಶಿ ಇಡಿ, ಗೊರಬಲು ಎಂಬ ದರಪಟ್ಟಿ ನೋಡಿ ದಿನ ಶುರುಮಾಡುವ ಮನೆಗಳು ಜಿಲ್ಲೆಯ ತುಂಬ ಇವೆ. ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ಸಂಶೋಧನಾ ಅಂಗಸಂಸ್ಥೆ 2004ರಲ್ಲಿ ಅಡಿಕೆಯನ್ನು, ತಂಬಾಕು ಬೆರೆಸದಿದ್ದರೂ, ಮನುಷ್ಯರಲ್ಲಿ ಕ್ಯಾನ್ಸರ್ ತರುವ ವಸ್ತುಗಳ ಮೊದಲ ಗುಂಪಿಗೆ ಸೇರಿಸಿತು. ಅಡಿಕೆಯಲ್ಲಿರುವ ಅರೆಕೋಲಿನ್ ಬಾಯಲ್ಲಿ ನೈಟ್ರೋಸಮೀನುಗಳಾಗಿ ಬದಲಾಗುತ್ತದೆ, ಅವು ಡಿಎನ್‌ಎಗೆ ಅಂಟಿಕೊಂಡು ಕೆಡಿಸುತ್ತವೆ. ಕೆನ್ನೆಯ ಒಳಪದರ ನಾರುಗಟ್ಟಿ ಬಾಯಿ ತೆರೆಯಲಾಗದ ಸ್ಥಿತಿ ಬರುವುದೂ ಅಡಿಕೆ ಅಗಿಯುವುದರಿಂದಲೇ. ಅಡಿಕೆ ಬೇಯಿಸುವಾಗ ಅರೆಕೋಲಿನ್‌ನ ಒಂದು ಭಾಗ ಚೊಗರಿಗೆ ಇಳಿಯುತ್ತದೆ, ಪೂರ್ತಿ ಹೋಗುವುದಿಲ್ಲ. ಬೆಳೆಗಾರರ ಬದುಕಿನ ಪ್ರಶ್ನೆ ದೊಡ್ಡದು, ಅದಕ್ಕೆ ಉತ್ತರ ರಾಜಕಾರಣ ಮತ್ತು ಅರ್ಥಶಾಸ್ತ್ರದಲ್ಲಿ ಹುಡುಕಬೇಕು. ಅಣುವಿನ ವರ್ತನೆಯನ್ನು ಮಾರುಕಟ್ಟೆಯ ದರ ಬದಲಿಸಲಾರದು.

ಅರೆಕೋಲಿನ್ ಮತ್ತು ಕ್ಯಾಂಪ್ಟೋಥೆಸಿನ್ ಎರಡೂ ಗಿಡ ಕಟ್ಟಿದ ಆಲ್ಕಲಾಯ್ಡುಗಳು, ಒಂದೇ ಮಳೆ ಕುಡಿದು ಬೆಳೆದವು. ನೈಸರ್ಗಿಕ ಎಂಬ ಗುರುತುಚೀಟಿ ಎರಡಕ್ಕೂ ಸಲ್ಲುತ್ತದೆ. ಅದರಿಂದ ಯಾವುದು ಕೊಲ್ಲುತ್ತದೆ, ಯಾವುದು ಕಾಯುತ್ತದೆ ಎಂಬುದೇನೂ ತಿಳಿಯುವುದಿಲ್ಲ.

ಸಾಲು ಮತ್ತು ಸಾಕ್ಷ್ಯ

ಸಾಗರ ತಾಲ್ಲೂಕಿನ ಆನಂದಪುರದ ಹತ್ತಿರದ ನರಸೀಪುರ ಎಂಬ ಊರು ದೇಶಕ್ಕೆಲ್ಲ ಗೊತ್ತು. ಅಲ್ಲಿನ ನಾಟಿವೈದ್ಯ ನಾರಾಯಣಮೂರ್ತಿ ಗುರುವಾರ, ಭಾನುವಾರ ಮರದ ತೊಗಟೆ, ಕಡ್ಡಿಗಳ ಔಷಧ ಕೊಡುತ್ತಿದ್ದರು. ಕ್ಯಾನ್ಸರ್ ರೋಗಿಗಳ ಕಡೆಯವರು ವರದಿಗಳ ಕಟ್ಟು ಹಿಡಿದು ಹಲವು ರಾಜ್ಯಗಳಿಂದ ಬಂದು ರಾತ್ರಿಯಿಂದಲೇ ಸಾಲು ನಿಲ್ಲುತ್ತಿದ್ದರು. 2020ರಲ್ಲಿ ಅವರು ತೀರಿಕೊಂಡರು. ಆ ಸಾಲಿನಲ್ಲಿ ನಿಂತವರನ್ನು ಮೂಢರೆಂದು ನಗುವುದು ಸುಲಭ, ಅದು ಸರಿಯಲ್ಲ. ಆಸ್ಪತ್ರೆಯವರು ಕೈಚೆಲ್ಲಿದಾಗ, ಸಾಲ ಕುತ್ತಿಗೆಗೆ ಬಂದಾಗ ಮನುಷ್ಯ ಇನ್ನೊಂದು ಬಾಗಿಲು ತಟ್ಟುತ್ತಾನೆ. ನಿತ್ಯಪುಷ್ಪದ ಕಥೆಯಲ್ಲಿ ಜನಪದದ ಕಷಾಯವೇ ಪ್ರಯೋಗಾಲಯಕ್ಕೆ ಮೊದಲ ಸುಳಿವು ಕೊಟ್ಟಿತು ಎಂಬುದನ್ನೂ ನೆನಪಿಡಬೇಕು. ಅಲ್ಲಿ ಸುಳಿವು ಹೇಳಿದ ರೋಗ ಒಂದು, ಪರೀಕ್ಷೆ ತೋರಿಸಿದ ರೋಗ ಇನ್ನೊಂದು ಎಂಬುದನ್ನೂ ಮರೆಯಬಾರದು.

ಸಾಲಿನ ಉದ್ದ ಹೇಳುವುದು ನೋವು ಎಷ್ಟಿದೆ ಎಂಬುದನ್ನು. ಮದ್ದು ಎಷ್ಟು ಕೆಲಸ ಮಾಡಿತು ಎಂಬುದಕ್ಕೆ ಬೇರೆ ಲೆಕ್ಕ ಬೇಕು: ಬಂದವರೆಷ್ಟು, ಯಾವ ಹಂತದ ರೋಗ, ಜೊತೆಗೆ ಕೀಮೋ ಇತ್ತೇ, ಒಂದು ವರ್ಷ ಐದು ವರ್ಷದ ಮೇಲೆ ಉಳಿದವರೆಷ್ಟು, ಅದೇ ಹಂತದಲ್ಲಿದ್ದು ಔಷಧ ಪಡೆಯದವರಲ್ಲಿ ಎಷ್ಟು. ಗುಣವಾದವರು ಬಂದು ಹೇಳುತ್ತಾರೆ, ತೀರಿಕೊಂಡವರು ಮತ್ತೆ ಬರುವುದಿಲ್ಲ. ಈ ಲೆಕ್ಕವನ್ನು ನಾಟಿವೈದ್ಯರಿಗೆ ಮಾತ್ರ ಕೇಳಬೇಕೆಂದಿಲ್ಲ, ಔಷಧ ಕಂಪನಿಗೂ ವಿಶ್ವವಿದ್ಯಾಲಯಕ್ಕೂ ಪತ್ರಿಕೆಯ ತಲೆಬರಹಕ್ಕೂ ಇದನ್ನೇ ಕೇಳಬೇಕು. ಸೋಡಿಯಂ ಲವಣದ ಕ್ಯಾಂಪ್ಟೋಥೆಸಿನ್ ಈ ಲೆಕ್ಕ ಕೊಡಲಾರದೆ 1972ರಲ್ಲಿ ಮನೆಗೆ ಹೋಯಿತು. ಲೆಕ್ಕ ಕೊಟ್ಟ ಇರಿನೋಟೆಕಾನ್ ಉಳಿಯಿತು.

ಕೊನೆಗೆ, ರೋಗಿಯ ಮನೆಯವರಿಗೆ ಕೆಲಸಕ್ಕೆ ಬರುವ ಒಂದು ಮಾತು. ‘ಕೀಮೋ ನಡೆಯಲಿ, ಜೊತೆಗೆ ಗಿಡಮೂಲಿಕೆಯೂ ಇರಲಿ, ತೊಂದರೆಯೇನು?’ ಎಂದು ಬಹಳ ಜನ ಕೇಳುತ್ತಾರೆ. 2002ರಲ್ಲಿ ನೆದರ್ಲೆಂಡ್ಸಿನ ರಾಟರ್‌ಡ್ಯಾಮ್‌ನಲ್ಲಿ ಐವರು ರೋಗಿಗಳ ಮೇಲೆ ಒಂದು ಸಣ್ಣ ಅಧ್ಯಯನ ನಡೆಯಿತು. ಮನಸ್ಸಿನ ಬೇಸರಕ್ಕೆಂದು ಯುರೋಪಿನಲ್ಲಿ ಜನ ಅಂಗಡಿಯಿಂದ ತಂದು ನುಂಗುವ ಸೇಂಟ್ ಜಾನ್ಸ್ ವರ್ಟ್ ಎಂಬ ಮೂಲಿಕೆಯನ್ನು ಇರಿನೋಟೆಕಾನ್ ಜೊತೆ ಕೊಟ್ಟಾಗ ರಕ್ತದಲ್ಲಿ ಎಸ್‌ಎನ್-38ರ ಪ್ರಮಾಣ 42 ಪ್ರತಿಶತ ಇಳಿಯಿತು. ಮೂಲಿಕೆ ಯಕೃತ್ತಿನ ಕಿಣ್ವಗಳನ್ನು ಕೆರಳಿಸಿ ಔಷಧವನ್ನು ಬೇಗ ಹೊರಹಾಕಿಸಿತ್ತು. ಮೈಮೇಲೆ ಏನೂ ಕಾಣಲಿಲ್ಲ, ಗಡ್ಡೆಗೆ ತಲುಪಬೇಕಾದ ಮದ್ದು ಮಾತ್ರ ಅರ್ಧದಾರಿಯಲ್ಲೇ ಖರ್ಚಾಯಿತು. ಒಂದು ಗಿಡದ ಅಣುವನ್ನು ಇನ್ನೊಂದು ಗಿಡದ ಅಣು ಸದ್ದಿಲ್ಲದೆ ಸೋಲಿಸಿತು. ಕಷಾಯವೋ, ಲೇಹ್ಯವೋ, ತೊಗಟೆಯ ಪುಡಿಯೋ, ಮನೆಯಲ್ಲಿ ಕೊಡುತ್ತಿರುವುದನ್ನು ಕ್ಯಾನ್ಸರ್ ವೈದ್ಯರ ಮುಂದೆ ಮುಚ್ಚಿಡಬೇಡಿ. ಬೈದರೆ ಬೈಯಲಿ. ಅವರು ಹಾಕುವ ಮಿಲಿಗ್ರಾಂ ಲೆಕ್ಕದಲ್ಲಿ ಅದೂ ಸೇರಬೇಕು.